ಕಾವುಗಲ್ಲು ನಾಲ್ಕಾದದ್ದು

ಶ್ವೇತಗಿರಿ ಸೀಮೆಯ ಕಣಿವೆಯ ನೆತ್ತಿಯಲ್ಲಿ, ದಾರಿಹೋಕರು ತಂಗುವ ಒಂದು ಕಲ್ಲುಮನೆಯಲ್ಲಿ ಪೂಜ್ಯ ತೊರೆಯಮ್ಮನವರು ಮೂವತ್ತು ವರ್ಷ ವಾಸವಾಗಿದ್ದರು. ಹರಿದ ಕಂಬಳಿಗಳನ್ನು ಹೊಲಿಯುವುದು, ಹಿಮ ದಾಟಿ ಬಂದವರಿಗೆ ಬಿಸಿ ಅಂಬಲಿ ಕೊಡುವುದು, ಇಷ್ಟೇ ಅವರ ನಿತ್ಯಾನುಷ್ಠಾನ. ಅವರು ಉಪದೇಶ ಮಾಡಿದ್ದನ್ನು ಕೇಳಿದವರು ಯಾರೂ ಇಲ್ಲ.

ಆ ಸೀಮೆಯಲ್ಲಿ ಮರ ಬೆಳೆಯದು, ಸೌದೆ ಸಿಗದು. ಜನರ ಬದುಕೆಲ್ಲ ಕಾವುಗಲ್ಲನ್ನೇ ನಂಬಿತ್ತು. ಬೂದು ಬಣ್ಣದ, ಅಂಗೈಯಗಲದ ಈ ಕಲ್ಲು ಹಿಮದಡಿಯಿಂದ ಅಗೆದು ತೆಗೆದಾಗಲೇ ಬೆಚ್ಚಗಿರುತ್ತದೆ. ಗಡಿಗೆಗೆ ಹಾಕಿದರೆ ಅಂಬಲಿ ಬೇಯುತ್ತದೆ. ಅದನ್ನೇ ತೊಟ್ಟಿಲಲ್ಲಿಟ್ಟರೆ ಕೂಸಿಗೆ ಹಿತವಾಗುವಷ್ಟೇ ಕಾವು ಕೊಡುತ್ತದೆ; ಯಾರನ್ನೂ ಸುಟ್ಟದ್ದಿಲ್ಲ. ಆದರೆ ತಾನು ಮುಟ್ಟಿದ್ದನ್ನು ಮಾತ್ರ ಬೆಚ್ಚಗಿಡುತ್ತದೆ. ಒಂದು ಗೇಣು ದೂರವಿದ್ದರೂ ಉಪಯೋಗವಿಲ್ಲ. ಹತ್ತು ಹನ್ನೆರಡು ವರ್ಷ ಬಾಳಿ ತಣ್ಣಗಾಗುತ್ತದೆ. ಅಮ್ಮನವರ ಕಲ್ಲು ಮಾತ್ರ ಮೂವತ್ತು ವರ್ಷವಾದರೂ ತಣಿದಿರಲಿಲ್ಲ. ಭಕ್ತರು ತಂದೊಪ್ಪಿಸಿದ ಬೇರೆ ಕಲ್ಲುಗಳನ್ನೆಲ್ಲ ಅವರು ದಾರಿಹೋಕರ ಕೈಗಿಟ್ಟುಬಿಡುತ್ತಿದ್ದರು. ಅವರಲ್ಲಿ ಉಳಿದಿದ್ದುದು ಅದೊಂದೇ.

ಒಂದು ಮಧ್ಯಾಹ್ನ ರಾಜಧಾನಿಯ ಶಿಲಾಪರೀಕ್ಷಕರಾದ ಬಾಚರಸರು ಅಲ್ಲಿಗೆ ಬಂದರು. ಚಳಿಗೆ ಅವರ ಬೆರಳುಗಳು ಸೆಟೆದುಕೊಂಡಿದ್ದವು. ದಾರಿಗೆಂದು ತಂದಿದ್ದ ಕಾವುಗಲ್ಲನ್ನು ಎರಡು ದಿನದ ಹಿಂದೆ ಕುತೂಹಲ ತಾಳಲಾರದೆ ತಾವೇ ಒಡೆದುಬಿಟ್ಟಿದ್ದರು!

“ಅಮ್ಮಾ, ಈ ಕಲ್ಲಿನಲ್ಲಿ ಕಾವು ಎಲ್ಲಿ ಅಡಗಿದೆ ಎಂದು ಹುಡುಕುತ್ತಿದ್ದೇನೆ. ಇದುವರೆಗೆ ಅರವತ್ತು ಕಲ್ಲು ಒಡೆದೆ. ಒಡೆದ ಕೂಡಲೇ ಸತ್ತುಹೋಗುತ್ತವೆ. ತಮ್ಮ ಕಲ್ಲು ತಣಿಯದಿರುವುದನ್ನು ಜನ ಪವಾಡ ಎನ್ನುತ್ತಾರೆ. ನಾನು ನಂಬುವವನಲ್ಲ. ಒಡೆದು ನೋಡಲು ಅಪ್ಪಣೆಯಾಗಬೇಕು.”

ಬೈಗುಳಕ್ಕೆ ಸಿದ್ಧರಾಗಿಯೇ ಬಂದಿದ್ದರು ಬಾಚರಸರು. ಅಮ್ಮನವರ ಕಣ್ಣುಗಳು ಮಾತ್ರ ಅರಳಿದವು.

“ಅದರೊಳಗೆ ಏನಿದೆ ಅಂತ ನೋಡುವ ಆಸೆ ನನಗೂ ಬಹಳ ದಿನದ್ದಪ್ಪ. ಮೊದಲು ಅಂಬಲಿ ಕುಡಿ. ಬೆರಳು ಮಡಚುವಂತಾಗಲಿ. ಆಮೇಲೆ ಒಡೆಯುವೆಯಂತೆ.”

ಅಂಬಲಿ ಮುಗಿಯುವ ಮೊದಲೇ ಹಿಮಗಾಳಿ ಎದ್ದಿತು. ಯಾರೋ ಬಾಗಿಲಿಗೆ ಬಂದು ಬಿದ್ದ ಸದ್ದಾಯಿತು. ಕುರಿಗಾಹಿ ಸೋಬಯ್ಯ, ಬೆನ್ನ ಮೇಲೆ ಅವನ ಹೆಂಡತಿ ಹೊಂಬವ್ವ, ಅವಳ ಸೆರಗಿನೊಳಗೆ ಹದಿನೈದು ದಿನದ ಅವಳಿ ಕೂಸುಗಳು.

“ಹಿಮ ಜರಿದುಬಿತ್ತು ತಾಯೀ. ಕುರಿಯೂ ಹೋದವು, ನಮ್ಮ ಕಲ್ಲೂ ಹೋಯಿತು,” ಎಂದವನೇ ಸೋಬಯ್ಯ ಕುಸಿದ. ಅವನ ಪಾದಗಳು ಕಪ್ಪಿಟ್ಟಿದ್ದವು. ಹೊಂಬವ್ವನಿಗೆ ಮಾತೇ ಹೊರಡುತ್ತಿರಲಿಲ್ಲ.

ಅಮ್ಮನವರು ಇದ್ದ ಕಂಬಳಿಗಳನ್ನೆಲ್ಲ ಹೊದಿಸಿದರು. ಬಾಚರಸರು ಗಡಿಗೆಯಿಂದ ಕಲ್ಲನ್ನೆತ್ತಿ ಒಂದು ಕೂಸಿನ ಎದೆಗೆ ಒತ್ತಿದರು. ಅದು ಅತ್ತಿತು. ಅಷ್ಟರಲ್ಲಿ ಇನ್ನೊಂದರ ತುಟಿ ನೀಲಿಯಾಯಿತು. ಅದರ ಎದೆಗಿಟ್ಟರೆ ತಾಯಿಯ ಉಸಿರು ಕ್ಷೀಣಿಸಿತು. ಕಲ್ಲು ಹಿಡಿದು ಒಬ್ಬರಿಂದ ಒಬ್ಬರಿಗೆ ಓಡಾಡಿದರು. ನಾಲ್ವರಲ್ಲಿ ಯಾರಿಗೂ ಸಾಲುತ್ತಿರಲಿಲ್ಲ.

ಅಮ್ಮನವರು ಬಾಚರಸರ ಚೀಲದಿಂದ ಉಳಿ, ಸುತ್ತಿಗೆಗಳನ್ನು ತೆಗೆದು ಮುಂದಿಟ್ಟು, “ನಾಲ್ಕು ಮಾಡು,” ಎಂದರು.

“ಬೇಡ ಅಮ್ಮಾ!” ಬಾಚರಸರು ಕಲ್ಲನ್ನು ಎದೆಗವಚಿಕೊಂಡರು. “ಒಡೆದರೆ ಸಾಯುತ್ತದೆ. ನಾನು ಕಣ್ಣಾರೆ ಕಂಡಿದ್ದೇನೆ. ಒಬ್ಬರನ್ನಾದರೂ ಉಳಿಸೋಣ.”

“ಆ ಅರವತ್ತನ್ನು ಯಾಕಪ್ಪಾ ಒಡೆದೆ?”

“ಒಳಗೆ ನೋಡುವುದಕ್ಕೆ.”

“ಈಗ ಯಾಕೆ ಒಡೆಯಬೇಕು?”

ಬಾಚರಸರು ನೆಲದ ಮೇಲೆ ಮಲಗಿದ್ದ ನಾಲ್ವರನ್ನು ನೋಡಿದರು. ಕಲ್ಲನ್ನು ಹೊಸ್ತಿಲ ಮೇಲಿಟ್ಟು ಉಳಿ ಹಿಡಿದರು. ಜೀವಮಾನದಲ್ಲಿ ಮೊದಲ ಬಾರಿಗೆ ಕಲ್ಲು ಒಡೆಯಲು ಹೆದರಿದ್ದಾಗಿ ಅವರೇ ಮುಪ್ಪಿನಲ್ಲಿ ಹೇಳುತ್ತಿದ್ದರು. ಮೂರು ಪೆಟ್ಟು ಬಿದ್ದವು. ನಾಲ್ಕು ಹೋಳುಗಳನ್ನು ಬಾಚಿಕೊಂಡು ಓಡಿದರು. ಎರಡನ್ನು ಕೂಸುಗಳ ಎದೆಗೆ, ಒಂದನ್ನು ತಾಯಿಯ ಮಡಿಲಿಗೆ, ಒಂದನ್ನು ಸೋಬಯ್ಯನ ಪಾದಗಳ ನಡುವೆ ಇಟ್ಟರು. ತಮ್ಮ ಅಂಗೈ ಬೆಚ್ಚಗಾಗಿದೆ ಎಂಬುದು ಆಗಷ್ಟೇ ಅವರ ಅರಿವಿಗೆ ಬಂತು. ನಾಲ್ಕು ಹೋಳುಗಳೂ ಜೀವಂತವಾಗಿದ್ದವು.

ಮರುದಿನ ಗಾಳಿ ನಿಂತು ಬಿಸಿಲು ಬಿದ್ದಿತು. ಹೊಂಬವ್ವ ಗೋಡೆಗೊರಗಿ ಕೂಸುಗಳಿಗೆ ಹಾಲೂಡುತ್ತಿದ್ದಳು. ಸೋಬಯ್ಯನ ಎರಡು ಕಾಲ್ಬೆರಳು ಹೋದವು, ಪಾದ ಉಳಿಯಿತು. ಅಮ್ಮನವರು ಬಾಚರಸರ ಬಳಿ ಬಂದು ಮೆಲ್ಲಗೆ ಕೇಳಿದರು:

“ಒಳಗೆ ಏನಿತ್ತಪ್ಪಾ?”

ಬಾಚರಸರು ಬೆರಗಾಗಿ ತಲೆಯೆತ್ತಿದರು. “ಅಮ್ಮಾ... ನಾನು ನೋಡಲೇ ಇಲ್ಲ.”

“ಅಯ್ಯೋ, ನಾನೂ ನೋಡಲಿಲ್ಲವಲ್ಲ!” ಎಂದು ಅಮ್ಮನವರು ನಕ್ಕುಬಿಟ್ಟರು. ಬಾಚರಸರೂ ನಗಲು ಹೋದರು. ನಗೆ ಬರಲಿಲ್ಲ, ಅಳು ಬಂತು. ಅಮ್ಮನವರ ಪಾದಗಳ ಮೇಲೆ ಹಣೆಯಿಟ್ಟರು.

ಕುರಿಗಾಹಿಯ ಸಂಸಾರ ನಾಲ್ಕು ಹೋಳುಗಳನ್ನೂ ಹೊತ್ತು ಕಣಿವೆಯಿಳಿಯಿತು. ಬರಿದಾದ ಕಲ್ಲುಮನೆಗೆ ಬೇರೊಂದು ಕಲ್ಲನ್ನು ತರಲೆಂದು ಗಣಿಗೆ ನಡೆದ ಬಾಚರಸರು ಮತ್ತೆ ರಾಜಧಾನಿಗೆ ಹೋಗಲಿಲ್ಲ. ಚಳಿಗಾಲದಲ್ಲಿ ಹಟ್ಟಿಹಟ್ಟಿಗೂ ಅಲೆದು, ಕಲ್ಲಿಲ್ಲದವರಿಗೆ ಕಲ್ಲು ಒಡೆದು ಹಂಚಿದರು. ಕೆಲವು ಹೋಳು ಬೆಚ್ಚಗುಳಿದವು, ಕೆಲವು ತಣ್ಣಗಾದವು; ತಣ್ಣಗಾದರೆ ಇನ್ನೊಂದು ಕಲ್ಲು ಒಡೆದು ಕೊಡುತ್ತಿದ್ದರು. ಏಕೆಂದು ಕೇಳಿದವರಿಗೆ, “ನನಗೆ ಇನ್ನೂ ಗೊತ್ತಾಗಿಲ್ಲ,” ಎಂದು ಮುಚ್ಚುಮರೆಯಿಲ್ಲದೆ ಹೇಳುತ್ತಿದ್ದರು. ಹೋಳನ್ನು ಪಡೆದವರ ಕೈಯನ್ನು ಪ್ರತಿ ಸಲವೂ ತಮ್ಮ ಕೆನ್ನೆಗೆ ಒತ್ತಿಕೊಂಡು, ಅದು ಬೆಚ್ಚಗಾಗುವವರೆಗೂ ಕಣ್ಣು ಮುಚ್ಚಿ ಕಾಯುತ್ತಿದ್ದರು.