ಮೆಟ್ಟಿಲೆದುರಿನ ಫೋಟೋ

ಅಮೆರಿಕದ ಒಂದು ರಾಜ್ಯದಲ್ಲಿ ಪ್ರುಯಿಟ್ ಅಂತ ಶಾಸಕನೊಬ್ಬನಿದ್ದ. ಅವನ ಎದುರಾಳಿ ಹೋಲ್ಡನ್ ಸತ್ತರೂ ಇವನ ಹೊಟ್ಟೆಕಿಚ್ಚು ಸಾಯಲಿಲ್ಲ. ಯಾಕೆಂದರೆ ಶಾಸನಸಭೆಯ ದೊಡ್ಡ ಮೆಟ್ಟಿಲೆದುರಿನ ಗೋಡೆಯ ಮೇಲೆ, ಬೇರೆ ಹಿರಿಯರ ಫೋಟೋಗಳ ನಡುವೆ ಹೋಲ್ಡನ್‌ನ ಫೋಟೋ ಹಾಕಿದ್ದರು. ಬಂದವರೆಲ್ಲ ಅದರ ಮುಂದೆ ನಿಂತು, "ಎಂಥಾ ಮನುಷ್ಯ!" ಅನ್ನುತ್ತಿದ್ದರು.

ಒಂದು ದಿನ ಪ್ರುಯಿಟ್ ಬಾಗಿಲು ಕಾಯುವವನನ್ನು ಕರೆದು ಗದರಿದ.

"ನಾನು ಏಳು ಸಲ ಗೆದ್ದವನು. ಅವನು ಗೆದ್ದಿದ್ದು ಮೂರೇ ಸಲ! ಆ ಹೋಲ್ಡನ್‌ನ ಫೋಟೋ ಕಿತ್ತು ನಾಳೆಯೊಳಗೆ ನನ್ನ ಫೋಟೋ ಹಾಕು. ಇಲ್ಲದಿದ್ದರೆ ನಿನ್ನ ಕೆಲಸ ಹೋಯಿತು ಅಂತ ತಿಳಿ."

"ಆಗಲಿ ಸ್ವಾಮಿ," ಅಂದ ಅವನು. ಟೇಪು ತಂದು ಗೋಡೆ ಅಳೆದ. ಚೌಕಟ್ಟು ಎಷ್ಟು ದೊಡ್ಡದಿರಲಿ ಅಂತ ಕೇಳಿದ.

"ಅವನದಕ್ಕಿಂತ ಒಂದು ಗೇಣು ಜಾಸ್ತಿ!" ಪ್ರುಯಿಟ್ ಉಬ್ಬಿಹೋದ.

"ಇನ್ನೊಂದೇ ಮಾತು ಸ್ವಾಮಿ. ಈ ಗೋಡೆಯ ಮೇಲಿರುವ ಎಲ್ಲರ ಫೋಟೋ ಕೆಳಗೂ ಹುಟ್ಟಿದ ದಿನ, ತೀರಿಕೊಂಡ ದಿನ ಎರಡನ್ನೂ ಕೆತ್ತಿಸೋದು ಪದ್ಧತಿ. ನೀವು ಹುಟ್ಟಿದ ದಿನ ನನಗೆ ಗೊತ್ತು. ಫೋಟೋ ನಾಳೆಯೇ ಹಾಕಬೇಕು ಅಂದಿರಿ. ಹಾಗಾದರೆ ಎರಡನೆಯದಕ್ಕೆ ಇವತ್ತಿನ ತಾರೀಖು ಕೆತ್ತಿಸಲಾ?"

ಪ್ರುಯಿಟ್ ಹಣೆಯ ಬೆವರೊರೆಸಿಕೊಂಡ. ಫೋಟೋ ಕಡೆ ನೋಡುತ್ತಾ ಮೆಲ್ಲಗೆ ಟೋಪಿ ತೆಗೆದ.

"ಬೇಡಪ್ಪಾ, ಆ ಜಾಗ ಅವನಿಗೇ ಇರಲಿ. ಹೋಲ್ಡನ್ ನನಗಿಂತ ಬಹಳ ದೊಡ್ಡ ಮನುಷ್ಯ."