ಅಜ್ಜಿ ನಕ್ಕ ಶಾಟ್

ಹೊಳೆ ದಂಡೆಯ ಹಳೇ ಛತ್ರದಲ್ಲಿ ಸಿದ್ಲಿಂಗಪ್ಪ ಮೇಷ್ಟ್ರು ಸಾಕ್ಷ್ಯಚಿತ್ರಗಳ ಎಡಿಟಿಂಗ್ ಕಲಿಸುತ್ತಿದ್ದರು. ಅಲ್ಲೊಂದು ಪದ್ಧತಿ. ಚಿತ್ರ ಯಾರೇ ಕೂಡಿಸಲಿ, ಕೊನೆಯ ಕತ್ತರಿ ಜೊತೆಯವರದು.

"ಹೆತ್ತವರಿಗೆ ಹೆಗ್ಗಣ ಮುದ್ದು ಕಣ್ರೋ" ಎನ್ನುತ್ತಿದ್ದರು ಮೇಷ್ಟ್ರು.

ಆ ವರ್ಷ ದೆಹಲಿಯ ಉತ್ಸವಕ್ಕೆ ಛತ್ರದಿಂದ ಒಂದೇ ಚಿತ್ರ ಹೋಗಬೇಕಿತ್ತು. ಅದು ತನ್ನದೇ ಎಂದುಕೊಂಡಿದ್ದ ಹಳೇ ಶಿಷ್ಯ ಓಬಳೇಶ. ಅಷ್ಟರಲ್ಲಿ ನಿನ್ನೆ ಮೊನ್ನೆ ಬಂದ ರೇವತಿ, ಕೌದಿ ಹೊಲಿಯುವ ಅಜ್ಜಿಯೊಬ್ಬಳ ಚಿತ್ರ ಮುಗಿಸಿ, ಮೇಷ್ಟ್ರಿಗೊಮ್ಮೆ ತೋರಿಸಿ, ಅವನ ಮುಂದಿಟ್ಟಳು.

"ಓಬಳೇಶಣ್ಣ, ಕೊನೆಯ ಕತ್ತರಿ ನಿಮ್ಮದೇ."

ಅವನು ಒಬ್ಬನೇ ಕೂತು ನೋಡಿದ. ನಡುವೆ ಒಂದು ಕಡೆ ಅಜ್ಜಿ ಸೂಜಿಗೆ ದಾರ ಪೋಣಿಸುತ್ತಾಳೆ. ತಪ್ಪುತ್ತದೆ. ದಾರದ ತುದಿಯನ್ನು ಬಾಯಲ್ಲಿ ನೆನೆಸುತ್ತಾಳೆ. ಮತ್ತೆ ತಪ್ಪುತ್ತದೆ. ಕೊನೆಗೂ ಪೋಣಿಸಿ, ಕ್ಯಾಮೆರಾ ಕಡೆ ತಿರುಗಿ, ಬೊಚ್ಚು ಬಾಯಿ ತೆರೆದು ನಗುತ್ತಾಳೆ.

ಓಬಳೇಶನ ಹೊಟ್ಟೆಗೆ ಬೆಂಕಿ ಬಿತ್ತು. ಅಯ್ಯೋ, ಇಂಥದ್ದೊಂದು ನನಗ್ಯಾಕೆ ಸಿಗಲಿಲ್ಲ! ವರ್ಷಗಟ್ಟಲೆ ಇಲ್ಲಿ ನಿದ್ದೆಗೆಟ್ಟು ಕಣ್ಣು ಕೆಂಪಗೆ ಮಾಡಿಕೊಂಡು ಕೂತವನು ನಾನು, ಮಣೆ ಇವಳಿಗೋ?

ಆ ಶಾಟನ್ನೇ ಕಿತ್ತು ಹಾಕಿದ. ಅತ್ತಿತ್ತಲಿನ ಎರಡು ತುದಿಗಳನ್ನು ನಯವಾಗಿ ಕೂಡಿಸಿದ.

ಮರುದಿನ ಮೂವರೂ ಕೂತು ನೋಡಿದರು. ಚಿತ್ರ ಉಪ್ಪಿಲ್ಲದ ಸಾರಿನಂತೆ ಸಪ್ಪೆಯಾಗಿತ್ತು. ರೇವತಿಯ ಮುಖ ಬಾಡಿತು.

"ಅಜ್ಜಿ ನಗೋದು ಎಲ್ಲಿ ಹೋಯ್ತಮ್ಮ?" ಮೇಷ್ಟ್ರು ಕೇಳಿದರು.

"ಉದ್ದ ಆಗಿತ್ತೇನೋ ಸರ್. ಓಬಳೇಶಣ್ಣ ತೆಗೆದಿದ್ದಾರೆ ಅಂದ್ರೆ ಸರಿಯಾಗೇ ಇರುತ್ತೆ" ಎಂದು ಅವಳು ಎದ್ದು ಹೋದಳು.

ಆ ಮಾತು ಓಬಳೇಶನಿಗೆ ಚುರುಕ್ಕೆಂದಿತು.

"ಏನೋ, ಉದ್ದ ಆಗಿತ್ತಾ?"

"ಇಲ್ಲ ಸರ್." ಅವನು ತಲೆ ತಗ್ಗಿಸಿದ. "ಹೊಟ್ಟೆಕಿಚ್ಚು. ತಡೆಯೋಕೆ ಆಗಲಿಲ್ಲ."

ಮೇಷ್ಟ್ರು ಬೈಯಲಿಲ್ಲ. ಅಜ್ಜಿಯ ಶಾಟನ್ನು ಹುಡುಕಿ ತೆಗೆದು, ಇದ್ದ ಜಾಗಕ್ಕೇ ಸೇರಿಸಿದರು.

"ಇದು ದೆಹಲಿಗೆ ಹೋಗುತ್ತೆ. ಈಗ ನಿನ್ನದು ಹಾಕು."

ಓಬಳೇಶನದು ಹರಿಗೋಲು ನಡೆಸುವವರ ಚಿತ್ರ. ಸೂರ್ಯ ಹುಟ್ಟಿದ. ಹಕ್ಕಿಗಳು ಹಾರಿದವು. ಸೂರ್ಯ ಮುಳುಗಿದ. ಮತ್ತೆ ಹುಟ್ಟಿದ. ಮೇಷ್ಟ್ರು ಆಕಳಿಸಿದರು.

"ಇದರಲ್ಲಿ ಏನು ತೆಗೀಲಪ್ಪಾ?"

"ತೆಗೆಯೋದೇನೂ ಇಲ್ಲ ಸರ್. ಎಲ್ಲಾ ಚೆನ್ನಾಗೇ ಇದೆ."

"ಅವಳ ಚಿತ್ರದ ಜೀವ ಎಲ್ಲಿದೆ ಅಂತ ಒಂದೇ ಏಟಿಗೆ ಕಂಡಿತಲ್ಲೋ ನಿನಗೆ. ಆ ಕಣ್ಣು ಈಗೆಲ್ಲಿ ಹೋಯ್ತು?"

ಓಬಳೇಶ ಚಿತ್ರ ನಿಲ್ಲಿಸಿದ. ಆಮೇಲೆ ಕೇಳಿದ: "ಈ ಹೊಟ್ಟೆಕಿಚ್ಚನ್ನ ಕಳ್ಕೊಳ್ಳೋದು ಹೇಗೆ ಸರ್?"

"ಯಾಕೋ ಕಳ್ಕೋತೀಯ? ಕೂತ್ಕೋ. ನಿನ್ನ ಚಿತ್ರಾನ ರೇವತಿದು ಅಂದ್ಕೊಂಡು ಇನ್ನೊಂದ್ಸಲ ನೋಡು. ಯಾವುದನ್ನ ಕಂಡ್ರೆ ಹೊಟ್ಟೆ ಉರಿಯುತ್ತೋ, ಅದನ್ನ ಮಾತ್ರ ಉಳಿಸು."