ಬೇಳೆ ಕದ್ದವರು ಇವರಲ್ಲ

ಶಾಲೆಯಲ್ಲಿ ಬಿಸಿಯೂಟದ ಅಡುಗೆ ಮಾಡುವ ಕಲ್ಲವ್ವ ಫೇಸ್‌ಬುಕ್ಕಿನಲ್ಲಿ ದಿನಕ್ಕೊಂದು ಕಂತು ಕಥೆ ಬರೆಯುತ್ತಿದ್ದಳು. ಅದರಲ್ಲಿ ಹೆಸರಿಲ್ಲದ ದೊಡ್ಡ ಮನುಷ್ಯನೊಬ್ಬ ಮಕ್ಕಳ ಬೇಳೆ ಕದಿಯುತ್ತಿದ್ದ.

ಶಾಲಾ ಸಮಿತಿ ಅಧ್ಯಕ್ಷ ಚನ್ನಬಸಪ್ಪ ಅಡುಗೆಮನೆಗೇ ನುಗ್ಗಿದ. “ಆ ಕಳ್ಳ ನಾನಽ ಅಂತ ಊರೆಲ್ಲ ನಗಾಕತ್ತೈತಿ. ಅಂವ ನಾನಲ್ಲ ಅಂತ ನಾಳೆ ಬರಿ. ಇಲ್ಲಂದ್ರ ಸೌಟು ಇಟ್ಟು ಮನೀಗೆ ನಡಿ.”

“ಬರೀತೀನ್ರೀ ಯಜಮಾನ್ರ.”

ಮರುದಿನದ ಕಂತು ಹೀಗೆ ಶುರುವಾಯಿತು: “ಈ ಕಥೆಯ ಬೇಳೆಕಳ್ಳ ನಮ್ಮ ಅಧ್ಯಕ್ಷ ಚನ್ನಬಸಪ್ಪನವರಲ್ಲ. ಖುದ್ದು ಅವರೇ ಬಂದು ಹೇಳಿದ್ದಾರೆ.”

ಪಕ್ಕದ ತಾಲೂಕಿನವರೂ ಓದಿ ನಕ್ಕರು. ಅಧ್ಯಕ್ಷ ಓಡೋಡಿ ಬಂದ. “ತಗಿಯವ್ವಾ ಅದನ್ನ!”

“ತಗದ್ರ ನೀವಽ ಕದ್ದೀರಿ ಅಂದಂಗ ಆಗ್ತೈತ್ರೀ. ನನ್ನ ತಗದ್ರೂ ಅಷ್ಟಽ.”

ಕಂತು ಉಳಿಯಿತು, ಕಲ್ಲವ್ವನ ಕೆಲಸವೂ ಉಳಿಯಿತು. ಮಕ್ಕಳ ಸಾರಿನಲ್ಲಿ ಮಾತ್ರ ಇವತ್ತಿಗೂ ಬೇಳೆ ಹುಡುಕಬೇಕು.